ಕೈ ಎತ್ತುವುದನ್ನು ಕಲಿಸಿದವರಿಗೆ

ಸಿನಿಮಾಗಳಿಗೆ ಹಿನ್ನೆಲೆ ಸಂಗೀತ ಮಾಡಲು ಶುರುಮಾಡಿ ಈ ತಿಂಗಳಿಗೆ 20 ವರ್ಷ. ಹೋದ ಮಳೆಗಾಲದಲ್ಲಿ ಬಲಗಿವಿ ಗುಂಯ್‌ಗುಟ್ಟಿ ಕೇಳಿಸದಂತಾಗಿ, ಹೆಡ್‌ಫೋನ್ ಮುಟ್ಟಲೇಬೇಡಿ ಎಂದು ಡಾಕ್ಟರು ಹೇಳಿದಾಗ ಇಲ್ಲಿಗೆ ಮುಗಿಯಿತು ಅಂದುಕೊಂಡಿದ್ದೆ. ಮೊನ್ನೆ ಹಾಸನದ ಗೆಳೆಯರೆಲ್ಲ ಸೇರಿ ಶಾಲು ಹೊದಿಸಿದಾಗ ಗಂಟಲು ಕಟ್ಟಿ ಮಾತೇ ಹೊರಡಲಿಲ್ಲ. ಅವತ್ತು ಹೇಳಬೇಕಿದ್ದುದನ್ನು ಇಲ್ಲಿ ಬರೆಯುತ್ತಿದ್ದೇನೆ.

ಮೊದಲ ನಮಸ್ಕಾರ ನಮ್ಮ ಹಾರ್ಮೋನಿಯಂ ಮೇಷ್ಟ್ರಿಗೆ. ಹೆಸರಾಂತ ಕರ್ನಾಟಕ ಸಂಗೀತ ಗಾಯಕ ಆರ್.ಕೆ. ಶ್ರೀಕಂಠನ್ ಅವರ ಊರು ರುದ್ರಪಟ್ಟಣ ಇರುವ ಅರಕಲಗೂಡು ತಾಲ್ಲೂಕೇ ನಮ್ಮದೂ. ಆದರೆ ನನಗೆ ಪಾಠವಾದದ್ದು ಊರಹಬ್ಬದ ನಾಟಕದ ಚಪ್ಪರದಲ್ಲಿ. ಹಾಸ್ಯದ ಪಾತ್ರಧಾರಿ ಬಾಯಿ ತೆರೆಯುವ ಮುಂಚೆಯೇ ಮೇಷ್ಟ್ರ ಬಲಗೈ ಹಾರ್ಮೋನಿಯಂ ಕೀಗಳ ಮೇಲಿಂದ ಎದ್ದುಬಿಡುತ್ತಿತ್ತು, ತಿದಿ ಒತ್ತುವ ಎಡಗೈಯೂ ಹಾಗೇ ನಿಲ್ಲುತ್ತಿತ್ತು. "ಜನ ನಗಾಕೆ ಜಾಗ ಬಿಡೋ ಮಗ, ಎಲ್ಲಾ ನೀನೇ ತುಂಬ್ಕೊಂಡ್ರೆ ಅವ್ರೆಲ್ಲಿ ನಗ್ತಾರೆ?" ಅನ್ನುತ್ತಿದ್ದರು. ಸೆಕೆಂಡಿಗೆ 24 ಫ್ರೇಮ್ ಓಡುವ ಸಿನಿಮಾದಲ್ಲಿ ಸಂಗೀತ ನಾಲ್ಕೈದು ಫ್ರೇಮ್ ತಡವಾಗಿ ನಿಂತರೂ ನಗು ಸೋರಿಹೋಗುತ್ತದೆ. ದೃಶ್ಯಕ್ಕೆ ಹಿನ್ನೆಲೆ ಸಂಗೀತ ಕೂರಿಸುವ ರೀರೆಕಾರ್ಡಿಂಗ್‌ಗೆ ಕೂತಾಗಲೆಲ್ಲ ಆ ಕೈ ಕಣ್ಣ ಮುಂದೆ ಬರುತ್ತದೆ.

ಇದೇ ಪಾಠವನ್ನು ಸಾಕ್ಷ್ಯಚಿತ್ರದಲ್ಲಿ ಇನ್ನೊಮ್ಮೆ ಕಲಿಸಿದವರು ನಿರ್ದೇಶಕಿ ಅಕ್ಕ. ಹೇಮಾವತಿ ಜಲಾಶಯದಲ್ಲಿ ಊರು ಕಳೆದುಕೊಂಡವರ ಚಿತ್ರ ಅದು. ಒಬ್ಬ ಅಜ್ಜಿ ತಮ್ಮ ಮನೆ ಇದ್ದ ದಿಕ್ಕಿಗೆ ಕೈ ತೋರಿಸಿ, ಸೆರಗಿನ ತುದಿಯನ್ನು ಬೆರಳಿಗೆ ಸುತ್ತುತ್ತಾ ಸುಮ್ಮನಾಗುತ್ತಾರೆ. ಅಲ್ಲಿ ನಾನು ವಯಲಿನ್ ತುಂಬಿದ್ದೆ. "ಅಜ್ಜಿ ಅಳ್ತಿಲ್ವಲ್ಲಪ್ಪ, ನೀನ್ಯಾಕೆ ಅಳ್ತಿದೀಯ?" ಎಂದರು ಅಕ್ಕ. ವಯಲಿನ್ ತೆಗೆದೆ. ಶೆಟ್ಟಿಹಳ್ಳಿಯ ಮುಳುಗಿದ ಚರ್ಚಿನ ಗೋಡೆಗೆ ನೀರು ಬಡಿಯುವ ಸದ್ದನ್ನಷ್ಟೇ ಉಳಿಸಿದೆವು. ನನ್ನ ಕೆಲಸಗಳಲ್ಲಿ ನನಗೆ ಅತಿ ಇಷ್ಟವಾದ ಅರ್ಧ ನಿಮಿಷ ಅದು. ಅಕ್ಕಾ, ಆ ಅರ್ಧ ನಿಮಿಷ ನಿಮ್ಮದು.

ಕಿವಿ ಕೈಕೊಟ್ಟ ಮೂರು ತಿಂಗಳು ಕೆಲಸವನ್ನು ಬೇರೆಯವರಿಗೆ ಕೊಡದೆ ಕಾದ ನಿರ್ಮಾಪಕರ ಋಣ ದೊಡ್ಡದು. ನಮ್ಮ ಸೌಂಡ್ ಎಂಜಿನಿಯರ್ ಹುಡುಗನ ಋಣ ಅದಕ್ಕಿಂತ ದೊಡ್ಡದು. ಮಿಕ್ಸಿಂಗ್ ಮಾಡುವಾಗ ಬಲಗಡೆಯ ಸದ್ದನ್ನು ಎಡಕ್ಕೆ ತಿರುಗಿಸಿ, ಒಂದೊಂದು ದೃಶ್ಯವನ್ನೂ ಎರಡೆರಡು ಸಲ ಕೇಳಿಸಿದ. ಬೇಸರಿಸಿದ್ದನ್ನು ಒಂದು ದಿನವೂ ನೋಡಲಿಲ್ಲ. ಹೊತ್ತುಹೊತ್ತಿಗೆ ಮಾತ್ರೆ ಕೊಟ್ಟು, ಮನೆಯಲ್ಲಿ ಟಿವಿ ಹಾಕದೆ ಇದ್ದ ಹೆಂಡತಿ ಮಕ್ಕಳಿಗೆ ಏನು ಹೇಳಲಿ!

ಮೇಷ್ಟ್ರು ಈಗಿಲ್ಲ. ಮೊನ್ನೆ ಸಮಾರಂಭಕ್ಕೆ ಅವರ ಮಗ ಆ ಹಾರ್ಮೋನಿಯಂ ಹೊತ್ತು ತಂದಿದ್ದರು. ಅಣ್ಣಾ, ಜೋಪಾನವಾಗಿ ಇಟ್ಟುಕೊಳ್ಳುತ್ತೇನೆ. ಮುಂದಿನ ವಾರ ಶುರುವಾಗುವ ಹಾಸ್ಯ ಚಿತ್ರದ ಮೊದಲ ಟ್ರ್ಯಾಕ್ ಅದರಲ್ಲೇ ನುಡಿಸುವುದು.