ನನ್ನ ಕೊಡೆ ನೋಡಿ ಬಂದ ಆಂಟಿಗೆ

ಮಡಿಕೇರಿಗೆ ಬಂದು ಈ ವಾರಕ್ಕೆ ಒಂದು ವರ್ಷವಾಯಿತು. ಕೆಲವರಿಗೆ ಥ್ಯಾಂಕ್ಸ್ ಹೇಳಲೇಬೇಕು. ಎದುರು ನಿಂತರೆ ಮಾತು ಹೊರಡುವುದಿಲ್ಲ, ಅದಕ್ಕೇ ಬರೆಯುತ್ತಿದ್ದೇನೆ.

ನಾನು ಗದಗದ ಕಡೆಯವಳು. ಕೆಲಸ ಸಿಕ್ಕಿ ಜೂನ್‌ನಲ್ಲಿ ಬಂದಾಗ ಇಲ್ಲಿ ಮಳೆ ಹಿಡಿದಿತ್ತು. ಮಹದೇವಪೇಟೆಯಲ್ಲಿ ಮಹಡಿ ಮೇಲೊಂದು ರೂಮು. ನಮ್ಮೂರಲ್ಲಿ ಮಳೆಗೆ ಕಾಯುತ್ತೇವೆ, ಇಲ್ಲಿ ಬಿಸಿಲಿಗೆ ಕಾಯಬೇಕು. ಒಗೆದ ಬಟ್ಟೆ ನಾಲ್ಕು ದಿನವಾದರೂ ಒಣಗುವುದಿಲ್ಲ. ಕರೆಂಟ್ ಹೋದರೆ ಫೋನೂ ಇಲ್ಲ. ಶನಿವಾರ ಸಂಜೆ ಬಾಗಿಲು ಹಾಕಿಕೊಂಡರೆ ಸೋಮವಾರದವರೆಗೆ ಒಬ್ಬರ ಜೊತೆಯೂ ಮಾತಿಲ್ಲ. ಒಂದು ಸೋಮವಾರ ಆಫೀಸಿನಲ್ಲಿ ‘ನಮಸ್ಕಾರ ಸರ್’ ಅನ್ನಲು ಹೋದರೆ ದನಿಯೇ ಬರಲಿಲ್ಲ. ಅವ್ವ ಕೇಳಿದಾಗಲೆಲ್ಲ ‘ಆರಾಮ ಅದೀನಿ’ ಅನ್ನುತ್ತಿದ್ದೆ.

ಆಗಸ್ಟ್ ಶುರುವಿಗೆ ಜ್ವರ ಬಂತು. ಎರಡು ದಿನ ಹಾಸಿಗೆ ಬಿಟ್ಟು ಏಳಲಿಲ್ಲ, ಯಾರಿಗೂ ಹೇಳಲಿಲ್ಲ. 3ನೇ ತಾರೀಖು ಕೆಳಗಿನ ಮನೆ ಆಂಟಿ ಬಂದು ಬಾಗಿಲು ಬಡಿದರು.

“ಮೆಟ್ಟಿಲ ಹತ್ತಿರ ನಿನ್ನ ಕೊಡೆ ಒಣಗಿದೆ. ಈ ಮಳೇಲಿ ಕೊಡೆ ಒಣಗಿದೆ ಅಂದ್ರೆ ನೀನು ಹೊರಗೇ ಹೋಗಿಲ್ಲ, ಅಲ್ವಾ?”

ನನಗೆ ಅಳು ಬಂದುಬಿಟ್ಟಿತು. ನಾನು ಬಂದೆನಾ ಹೋದೆನಾ ಅಂತ ನೋಡುವವರು ಈ ಊರಲ್ಲಿ ಒಬ್ಬರಿದ್ದರು.

ಗಂಜಿ ಕುಡಿಸಿ, ಆಟೋದಲ್ಲಿ ಡಾಕ್ಟರ ಹತ್ತಿರ ಕರೆದುಕೊಂಡು ಹೋದರು. ಅವತ್ತು ಕಕ್ಕಡ 18, ಅಂದರೆ ಕೊಡವರ ಕಕ್ಕಡ ತಿಂಗಳ ಹದಿನೆಂಟನೇ ದಿನ. ಆ ದಿನ ಮದ್ದುಸೊಪ್ಪಿನಲ್ಲಿ 18 ಬಗೆಯ ಔಷಧಿ ಸೇರಿರುತ್ತದೆ ಎಂದು ಕೊಡಗಿನವರು ನಂಬುತ್ತಾರೆ. ಸಂಜೆ ಸ್ಟೀಲ್ ಬಟ್ಟಲಲ್ಲಿ ಮದ್ದುಪಾಯಸ ತಂದರು. ಸೊಪ್ಪು ಕುದಿಸಿದ ನೀರಿಗೆ ಅಕ್ಕಿ, ಬೆಲ್ಲ, ಕಾಯಿಹಾಲು. ಬಣ್ಣ ಕಡು ನೇರಳೆ, ವಾಸನೆ ನಾನು ಅಲ್ಲಿವರೆಗೆ ಕಂಡಿರದ ಘಮ. “ನಾಳೆ ಮೂತ್ರ ಕೆಂಪಗೆ ಹೋದ್ರೆ ಹೆದರಬೇಡ, ಅದು ಸೊಪ್ಪಿನ ಬಣ್ಣ” ಎಂದು ಮೊದಲೇ ಹೇಳಿದರು. ಜ್ವರ ಬಿಟ್ಟಿದ್ದು ಪಾಯಸದಿಂದಲೋ ಗುಳಿಗೆಯಿಂದಲೋ ಗೊತ್ತಿಲ್ಲ. ಆ ರಾತ್ರಿ ಮಾತ್ರ ಚೆನ್ನಾಗಿ ನಿದ್ದೆ ಬಂತು.

ಶುಕ್ರವಾರದ ಸಂತೆಯಲ್ಲಿ ಸೊಪ್ಪು ಮಾರುವ ಅಕ್ಕನಿಗೂ ಥ್ಯಾಂಕ್ಸ್. ಒಂದು ವಾರ ಕಾಣಲಿಲ್ಲ ಅಂತ ಕೇಳಿದ್ದರು. ದಸರಾ ರಾತ್ರಿ ಮೆರವಣಿಗೆಯಲ್ಲಿ ಬರುವ ಹತ್ತು ದೇವಸ್ಥಾನಗಳ ಮಂಟಪಗಳನ್ನೂ ತೋರಿಸಿ, ಬೆಳಗಿನ ಜಾವ ಮನೆವರೆಗೆ ಬಿಟ್ಟುಹೋದ ಆಫೀಸಿನ ಗೆಳತಿಯರಿಗೂ.

ಆಂಟಿ, ನಿಮಗೆ ಏನು ಹೇಳಲಿ? ಈಗ ಅವ್ವ ಫೋನ್ ಮಾಡಿದರೆ ಮೊದಲು ನಿಮ್ಮನ್ನೇ ಕೇಳುತ್ತಾಳೆ. ಅವಳ ಗದಗದ ಮಾತು ನಿಮಗೆ ಅರ್ಧ ತಿಳಿಯುವುದಿಲ್ಲ, ನಿಮ್ಮ ಮಾತು ಅವಳಿಗೆ ಅರ್ಧ. ಆದರೂ ಹೋದ ಭಾನುವಾರ ಇಬ್ಬರೂ ಮುಕ್ಕಾಲು ಗಂಟೆ ಮಾತಾಡಿದಿರಿ. ನಾನು ಪಕ್ಕದಲ್ಲಿ ಕೂತು ಕಾಫಿ ಕುಡಿಯುತ್ತಿದ್ದೆ.