‘ಬಳೆ ತೊಟ್ಕೊಂಡಿಲ್ಲ’ ಅನ್ನೋ ಹೆಡ್‌ಲೈನ್ ನಿಲ್ಸಿ

ಮಾನ್ಯ ಸಂಪಾದಕರೇ,

ಹೋದ ವಾರ ನಿಮ್ಮ ಪೇಪರಲ್ಲಿ ಒಬ್ಬ ರಾಜಕಾರಣಿ ಆಡಿದ ಮಾತನ್ನ ಹಾಗೇ ಹೆಡ್‌ಲೈನ್ ಮಾಡಿದ್ರಿ, ‘ನಾವೇನು ಬಳೆ ತೊಟ್ಕೊಂಡು ಕೂತಿಲ್ಲ’ ಅಂತ. ನನ್ನ ಮಗ ಅದನ್ನ ಜೋರಾಗಿ ಓದಿ ನನ್ನ ಕೈ ನೋಡಿದ. ಪಾತ್ರೆ ತೊಳೀತಿದ್ದೆ, ಕೈ ತುಂಬ ಹಸಿರು ಗಾಜಿನ ಬಳೆ. ‘ಬಳೆ ಹಾಕ್ಕೊಂಡವರಿಗೆ ಏನೂ ಮಾಡಕ್ಕಾಗಲ್ವಾ ಅಮ್ಮಾ’ ಅಂದ. ಏನು ಹೇಳ್ಬೇಕೋ ತೋಚಲಿಲ್ಲ, ಅದಕ್ಕೇ ಈ ಪತ್ರ.

ಅವನೀಗ ಏಳನೇ ಕ್ಲಾಸು. ಮೂರು ವರ್ಷ ನಮ್ಮನೆ ಬಾಗಿಲ ರಂಗೋಲಿ ಅವನದ್ದೇ, 15ರಿಂದ 8 ಸಂದು ಚುಕ್ಕಿ ಇಟ್ಟು ಎಳೆ ಎಳೆಯೋಕೆ ಶುರು ಮಾಡಿದ್ರೆ ಕೈ ಎತ್ತುತ್ತಿರಲಿಲ್ಲ, ನನಗೂ ಅಷ್ಟು ಚೆನ್ನಾಗಿ ಬರಲ್ಲ. ಒಂದಿನ ಬೀದಿಯಲ್ಲಿ ಯಾರೋ ‘ಏನೋ ಹೆಣ್ಣಿಗ’ ಅಂತ ನಕ್ಕರು, ಅದು ಸ್ಕೂಲಿಗೂ ಹೋಯ್ತು, ಆಮೇಲೆ ಅದೇ ಅವನ ಹೆಸರಾಗೋಯ್ತು. ಮಾರನೇ ವಾರ ಬೆಳಗ್ಗೆ ಎದ್ದು ನೋಡ್ತೀನಿ, ತಾನೇ ಹಾಕಿದ ರಂಗೋಲಿನ ಹಾಲಿನವ್ರು ಬರೋ ಮುಂಚೆ ಕಾಲಲ್ಲಿ ಅಳಿಸ್ತಿದ್ದ. ರಂಗೋಲಿ ಬಿಟ್ಟಿದ್ದು ಹೋಗ್ಲಿ ಅಂದ್ರೆ, ಈಗ ಕನ್ನಡಿ ಮುಂದೆ ನಿಂತು ದನಿ ದಪ್ಪ ಮಾಡ್ಕೊಂಡು ಮಾತಾಡೋದು ಪ್ರಾಕ್ಟೀಸ್ ಮಾಡ್ತಾನೆ, ‘ನಾನು ನಡೆಯೋದು ಸರಿ ಇದ್ಯಾ ಅಮ್ಮಾ’ ಅಂತ ಕೇಳ್ತಾನೆ. ಹನ್ನೆರಡು ವರ್ಷದ ಮಗುಗೆ ತಾನು ನಡೆಯೋದರ ಮೇಲೇ ಡೌಟು ಬಂದ್ಬಿಟ್ಟಿದೆ ಸಾರ್.

ನನಗೆ ಇದು ಹೊಸದಲ್ಲ. ಮರ ಹತ್ತುತೀನಿ, ಜೋರಾಗಿ ನಗ್ತೀನಿ ಅಂತ ಚಿಕ್ಕವಳಿದ್ದಾಗ ಗಂಡುಬೀರಿ ಅಂತಿದ್ರು. ಈಗ 41 ವರ್ಷ, ಇವತ್ತಿಗೂ ನಗು ಬಂದ್ರೆ ಕೈ ತಾನಾಗೇ ಬಾಯಿಗೆ ಹೋಗುತ್ತೆ.

2021ರಲ್ಲಿ ಟ್ರಾನ್ಸ್‌ಜೆಂಡರ್ ಜಾನಪದ ಕಲಾವಿದೆ ಮಂಜಮ್ಮ ಜೋಗತಿ ಅವರು ಪದ್ಮಶ್ರೀ ತಗೊಳೋವಾಗ ಸೆರಗಲ್ಲಿ ರಾಷ್ಟ್ರಪತಿಗಳಿಗೆ ದೃಷ್ಟಿ ತೆಗೆದ ವಿಡಿಯೋನ ನಮ್ಮ ಫ್ಯಾಮಿಲಿ ಗ್ರೂಪಲ್ಲಿ ಎಲ್ಲರೂ ಹಂಚಿಕೊಂಡ್ರು, ನಮ್ಮ ಬಳ್ಳಾರಿ ಕಡೆಯವ್ರು ಅಂತ ಹೆಮ್ಮೆಪಟ್ರು. ಅದೇ ಗ್ರೂಪಲ್ಲಿ ನಾನು ಮಗನ ರಂಗೋಲಿ ಫೋಟೋ ಹಾಕಿದಾಗ ‘ಹುಡುಗನಿಗೆ ಇದೆಲ್ಲಾ ಯಾಕೆ ಕಲಿಸ್ತೀಯಾ’ ಅಂತ ಬಂತು. ಅವನು ಮುಂದೆ ಏನಾಗ್ತಾನೋ ಅವನಿಗೆ ಬಿಟ್ಟಿದ್ದು, ರಂಗೋಲಿ ಹಾಕಿದ ಮಾತ್ರಕ್ಕೆ ಯಾರೂ ಅವನಿಗೆ ಹೆಸರು ಅಂಟಿಸೋದು ಬೇಡ ಅಷ್ಟೇ.

ಸುಪ್ರೀಂ ಕೋರ್ಟೇ 2023ರ ಆಗಸ್ಟಲ್ಲಿ ಜಡ್ಜುಗಳಿಗೆ, ವಕೀಲರಿಗೆ ಅಂತ ಒಂದು ಕೈಪಿಡಿ ತಂತು, ಹೆಣ್ಣು ಗಂಡು ಅಂತ ಅಳೆಯೋ ಯಾವ್ಯಾವ ಪದ ಬಳಸಬಾರದು, ಬದಲಿಗೆ ಏನು ಬರೀಬೇಕು ಅಂತ ಅದರಲ್ಲಿ ಪಟ್ಟಿನೇ ಇದೆ. ಪೇಪರ್‌ಗಳಿಗೂ ಅಂಥದ್ದೊಂದು ಬೇಕಲ್ವಾ? ರಾಜಕಾರಣಿಗಳು ಅಂತಾರೆ, ಅವರ ಬಾಯಿ ಮುಚ್ಚಿಸೋಕೆ ನಿಮ್ಮಿಂದ ಆಗಲ್ಲ, ಒಪ್ತೀನಿ. ಆದ್ರೆ ಅದನ್ನ ಹೆಡ್‌ಲೈನಿಗೆ ಎತ್ತೋದು ಬಿಡೋದು ನಿಮ್ಮ ಕೈಲೇ ಇದೆ. ನನ್ನ ಮಗ ದಿನಾ ಬೆಳಗ್ಗೆ ನಿಮ್ಮ ಪೇಪರೇ ಓದೋದು.

ಇಂತಿ,
ಒಬ್ಬ ತಾಯಿ, ಹೊಸಪೇಟೆ