ಹನ್ನೊಂದು ಮಾತು, ಒಂದು ಬುಟ್ಟಿ ಆಲೂಗಡ್ಡೆ

ಎಲ್ಲರಿಗೂ ನಮಸ್ಕಾರ. ಮೂರೂ ಪ್ರದರ್ಶನ ಮುಗೀತು, ನಾನಿನ್ನೂ ಬದುಕಿದ್ದೇನೆ! ಐವತ್ತೊಂದನೇ ವಯಸ್ಸಿಗೆ ಮೊದಲ ಸಲ ಸ್ಟೇಜ್ ಹತ್ತಿದ್ದು, ಅದೂ ಇಲ್ಲಿ ಇಂಗ್ಲೆಂಡಿನಲ್ಲಿ, ಇಂಗ್ಲಿಷ್ ನಾಟಕದಲ್ಲಿ. ಮೂಲೆಯಲ್ಲಿ ಕೂತು ಆಲೂಗಡ್ಡೆ ಸುಲಿಯುವ ಅಜ್ಜಿ ನಾನು. ಇದ್ದದ್ದೇ ಹನ್ನೊಂದು ಮಾತು. ಅಷ್ಟಕ್ಕೇ ಮೂರು ತಿಂಗಳು ಮನೆಯವರ ತಲೆ ತಿಂದಿದ್ದೇನೆ.

ಮೊದಲ ಥ್ಯಾಂಕ್ಸ್ ಪಕ್ಕದ ಮನೆ ಅಜ್ಜಿಗೆ. ಹಿಂದೊಂದು ನಾಟಕ ತಂಡದವರು ನಿಮ್ಮ ಉಚ್ಚಾರಣೆ ಸರಿಹೋಗಲ್ಲ ಅಂದಾಗ ಅಳುತ್ತಾ ಮನೆಗೆ ಬಂದಿದ್ದೆ. ಆಗ ಅವರು 'ದಿ ರಾಯ್ಲ್ ಫ್ಯಾಮಿಲಿ' ಅನ್ನೋ ಟಿವಿ ಹಾಸ್ಯ ಧಾರಾವಾಹಿಯ ಡಿವಿಡಿ ತಂದುಕೊಟ್ಟರು. ನಾನು ರಾಜಮನೆತನದ ಕಥೆ ಅಂದುಕೊಂಡೆ. ನೋಡಿದರೆ ಮ್ಯಾಂಚೆಸ್ಟರಿನ ಒಂದು ಮನೆಯವರು ಸೋಫಾದಲ್ಲಿ ಕೂತು ಟಿವಿ ನೋಡುತ್ತಾ ಹರಟುತ್ತಾರೆ, ಅಷ್ಟೇ! ಅದರಲ್ಲಿ ಅಜ್ಜಿಯಾಗಿದ್ದವರು ಲಿಜ್ ಸ್ಮಿತ್.

ಅವರ ಬದುಕು ಗೊತ್ತಾದ ಮೇಲಂತೂ ನನಗೆ ನೆಪ ಹೇಳಲು ಜಾಗವೇ ಉಳಿಯಲಿಲ್ಲ. 1921ರಲ್ಲಿ ಸ್ಕನ್‌ಥಾರ್ಪ್‌ನಲ್ಲಿ ಹುಟ್ಟಿದವರು. ಎರಡು ವರ್ಷಕ್ಕೇ ತಾಯಿ ಹೋದರು, ಸಾಕಿದ್ದು ಅಜ್ಜಿ. ಮದುವೆ ಮುರಿದ ಮೇಲೆ ಇಬ್ಬರು ಮಕ್ಕಳನ್ನು ಸಾಕಲು ಸಿಕ್ಕಸಿಕ್ಕ ಕೆಲಸ ಮಾಡಿದರು, ಆದರೂ ನಾಟಕ ಬಿಡಲಿಲ್ಲ. ಲಂಡನ್ನಿನ ಹ್ಯಾಮ್ಲೀಸ್ ಅಂಗಡಿಯಲ್ಲಿ ಆಟಿಕೆ ಮಾರುತ್ತಿದ್ದಾಗ ನಿರ್ದೇಶಕ ಮೈಕ್ ಲೀ ಅವರಿಂದ ಕರೆ ಬಂತು. ಆ ಸಿನಿಮಾ 'ಬ್ಲೀಕ್ ಮೊಮೆಂಟ್ಸ್' ಬಂದದ್ದು 1971ರಲ್ಲಿ, ಇವರಿಗೆ ಆಗ ಐವತ್ತು ಹತ್ತಿರ. ಆಮೇಲೆ 1984ರ 'ಎ ಪ್ರೈವೇಟ್ ಫಂಕ್ಷನ್' ಸಿನಿಮಾಗೆ ಬಾಫ್ಟಾ, ಅಂದರೆ ಬ್ರಿಟನ್ನಿನ ದೊಡ್ಡ ಸಿನಿಮಾ ಪ್ರಶಸ್ತಿ. ನಾನೂ ಕೌಂಟರಿನ ಹಿಂದೆ ನಿಲ್ಲುವವಳೇ ಅಲ್ವಾ, ಆ ಆಟಿಕೆ ಅಂಗಡಿಯ ಸಂಗತಿ ಎದೆಗೇ ತಾಗಿತು.

'ರಾಯ್ಲ್ ಫ್ಯಾಮಿಲಿ'ಯ 2006ರ ಕಂತಿನಲ್ಲಿ ಕಾಯಿಲೆ ಬಿದ್ದ ಅಜ್ಜಿಗೆ ಮಗಳು ತಲೆ ಬಾಚುವ ದೃಶ್ಯವಿದೆ. ಲಿಜ್ ಅಲ್ಲಿ ನೋಡುವವರನ್ನು ಅಳಿಸಲು ಪ್ರಯತ್ನವನ್ನೇ ಪಡುವುದಿಲ್ಲ, ತಲೆ ಬಾಚಿಸಿಕೊಳ್ಳುತ್ತಾರೆ, ಅಷ್ಟೇ. ಅದನ್ನು ಎಷ್ಟು ಸಲ ನೋಡಿದೆನೋ!

ಆ ಪಾಠ ಎರಡನೇ ದಿನ ಕೈ ಹಿಡಿಯಿತು. ಆಲೂಗಡ್ಡೆ ಕೈಜಾರಿ ಸ್ಟೇಜಿನಿಂದ ಉರುಳಿ ಮುಂದಿನ ಸಾಲಿಗೆ ಹೋಯಿತು, ಅದರ ಜೊತೆ ನನ್ನ ಏಳನೇ ಮಾತೂ ಹೋಯಿತು. ಗಾಬರಿಯಾಗದೆ ಅದನ್ನೇ ನೋಡುತ್ತಾ ಕೂತೆ. ಜನ ನಕ್ಕರು. ಯಾರೋ ಪುಣ್ಯಾತ್ಮರು ಎದ್ದು ಬಂದು ಅದನ್ನು ಕೈಗೆ ಕೊಟ್ಟರು. ಅಷ್ಟರಲ್ಲಿ ಪರದೆ ಹಿಂದಿನಿಂದ ಮಾತು ಹೇಳಿಕೊಟ್ಟ ಹುಡುಗೀ, ನಿನಗೆ ಎಷ್ಟು ಥ್ಯಾಂಕ್ಸ್ ಹೇಳಿದರೂ ಸಾಲದು ಕಣೇ.

ಶನಿವಾರಗಳಲ್ಲಿ ನನ್ನ ಶಿಫ್ಟ್ ಮಾಡಿದ ಗೆಳತಿಗೆ, ಮೂರು ದಿನವೂ ಬಂದು ಅದೇ ಜಾಗದಲ್ಲಿ ನಕ್ಕ ನಮ್ಮ ಯಜಮಾನರಿಗೆ, ಧಾರವಾಡದಿಂದ ರಾತ್ರಿ ಎದ್ದು ಫೋನ್ ಮಾಡಿದ ಅಕ್ಕನಿಗೆ, ಎಲ್ಲರಿಗೂ ಶರಣು.

ಸುಲಿದ ಆಲೂಗಡ್ಡೆ ದಂಡಿಯಾಗಿ ಉಳಿದಿದೆ, ಭಾನುವಾರ ಪಲ್ಯ, ಪೂರಿ ಮಾಡುತ್ತೇನೆ. ಮನೆಗೆ ಬನ್ನಿ. 'ವಿಕರ್ ಆಫ್ ಡಿಬ್ಲಿ' ಅನ್ನೋ ಇನ್ನೊಂದು ಟಿವಿ ಹಾಸ್ಯ ಧಾರಾವಾಹಿಯಲ್ಲಿ ಲಿಜ್ ಮಾಡಿ ಬಡಿಸುತ್ತಿದ್ದ ವಿಚಿತ್ರ ಅಡುಗೆಯಂಥದ್ದಲ್ಲ, ಧೈರ್ಯವಾಗಿ ತಿನ್ನಬಹುದು.